ಆರೋಪಮುಕ್ತರಾದ ಮೇಲೂ ಕಾಲ್ಪನಿಕ ಬಡ್ತಿ ಮಾತ್ರ, ಹಿಂಬಾಕಿ ಇಲ್ಲ ಅಂದರೆ?

ಕೋರಮಂಗಲ_6ನೇ_ಬ್ಲಾಕ್:
ಬೆಂಗಳೂರಿನ ಒಂದು ಕೇಂದ್ರ ಸರ್ಕಾರಿ ಕಚೇರಿಯ ನೌಕರರ ವಿಷಯ. ವೇತನ ಶ್ರೇಣಿ ಲೆವೆಲ್ 6. 2020ರ ಫೆಬ್ರವರಿಯಲ್ಲಿ ಅಮಾನತು, ಮೇನಲ್ಲಿ ನಿಯಮ 14ರ (ದೊಡ್ಡ ದಂಡನೆಗೆಂದು ನಡೆಯುವ ಇಲಾಖಾ ವಿಚಾರಣೆಯ) ಚಾರ್ಜ್‌ಶೀಟ್, ಆಗಸ್ಟ್‌ನಲ್ಲಿ ಡಿಪಿಸಿ (ಬಡ್ತಿ ನಿರ್ಧರಿಸುವ ಸಮಿತಿ) ಸೇರಿದಾಗ ಇವರದು ಸೀಲ್ಡ್ ಕವರ್ (ವಿಚಾರಣೆ ಮುಗಿಯುವವರೆಗೆ ಸಮಿತಿಯ ನಿರ್ಧಾರ ಮುಚ್ಚಿದ ಲಕೋಟೆಯಲ್ಲಿ). ಅಕ್ಟೋಬರ್‌ನಲ್ಲಿ ಅಮಾನತು ತೆರವಾಯಿತು. ಅಷ್ಟರಲ್ಲಿ ಕಿರಿಯರಿಗೆ 1-9-2020ರಿಂದ ಲೆವೆಲ್ 7 ಸಿಕ್ಕಿತ್ತು. ವಿಚಾರಣೆ ಐದು ವರ್ಷ ಎಳೆದು, ಈಗ ಎಲ್ಲ ಆರೋಪಗಳಿಂದ ಮುಕ್ತ. ಹೋದ ವಾರ ಬಂದ ಆದೇಶದಲ್ಲಿ 1-9-2020ರಿಂದ ಕಾಲ್ಪನಿಕ ಬಡ್ತಿ (ದಾಖಲೆಯಲ್ಲಿ ಮಾತ್ರ ಹಿಂದಿನ ತಾರೀಖಿನ ಬಡ್ತಿ) ಕೊಟ್ಟು, "ಕೆಲಸ ಮಾಡದ ಹುದ್ದೆಗೆ ವೇತನವಿಲ್ಲ, ಹಿಂಬಾಕಿ ಬರುವುದಿಲ್ಲ" ಎಂದು ಒಂದು ಸಾಲು ಸೇರಿಸಿದ್ದಾರೆ. ಅಮಾನತಿನ ಅವಧಿ ಏನಾಯಿತು ಅಂತ ಎಲ್ಲೂ ಇಲ್ಲ. ಯಾವುದನ್ನು ಮೊದಲು ಕೇಳಬೇಕು?

ಸೇವಾಪುಸ್ತಕ:
ಮೊದಲು ಅಮಾನತಿನ ಅವಧಿ. ಎಲ್ಲರೂ ಹಿಂಬಾಕಿಯ ಹಿಂದೆ ಬಿದ್ದು ಇಲ್ಲೇ ಎಡವುತ್ತಾರೆ. ಎಫ್‌ಆರ್ 54-ಬಿ (ಕೇಂದ್ರ ನೌಕರರ ಮೂಲಭೂತ ನಿಯಮ) ಪ್ರಕಾರ ಆ ಅವಧಿಯ ವೇತನ ಎಷ್ಟು, ಅದು ಕರ್ತವ್ಯದ ಅವಧಿಯೋ ಅಲ್ಲವೋ ಎಂದು ಪ್ರಾಧಿಕಾರ ನಿರ್ದಿಷ್ಟ ಆದೇಶ ಮಾಡಲೇಬೇಕು. ಸುಮ್ಮನಿರುವುದು ಆದೇಶವಲ್ಲ. ಅಮಾನತು ಸಂಪೂರ್ಣ ಅಸಮರ್ಥನೀಯ ಎಂದು ತೀರ್ಮಾನವಾದರೆ ಪೂರ್ತಿ ವೇತನ, ಭತ್ಯೆ. ಆಗಲೇ ಕೊಟ್ಟ ಜೀವನಾಧಾರ ಭತ್ಯೆಯನ್ನು ಅದರಲ್ಲಿ ಕಳೆಯುತ್ತಾರೆ. ಕಡಿಮೆ ಕೊಡುವುದಾದರೆ ಎಷ್ಟು ಕೊಡುತ್ತೇವೆ ಎಂದು ಮೊದಲೇ ನೋಟಿಸ್ ಕೊಟ್ಟು ಉತ್ತರ ಕೇಳಬೇಕು. ಆ ಉತ್ತರಕ್ಕೆ ಗರಿಷ್ಠ 60 ದಿನ.

ಇದು ಇತ್ಯರ್ಥವಾಗದೆ 1-7-2020ರ ವಾರ್ಷಿಕ ಇನ್‌ಕ್ರಿಮೆಂಟ್ ಸೇವಾ ಪುಸ್ತಕಕ್ಕೆ ಸರಿಯಾಗಿ ಏರುವುದಿಲ್ಲ. ಅದು ಏರದಿದ್ದರೆ 1-9-2020ರ ವೇತನ ನಿಗದಿಯೇ ತಪ್ಪು ಅಂಕಿಯಿಂದ ಶುರುವಾಗುತ್ತದೆ, ಮುಂದಿನದೆಲ್ಲ ಅದರ ಮೇಲೆ.

ಇನ್ನು ಆ ಒಂದು ಸಾಲು. ಕೆ.ವಿ. ಜಾನಕಿರಾಮನ್ ಪ್ರಕರಣದಲ್ಲಿ (1991) ಸುಪ್ರೀಂ ಕೋರ್ಟ್ ಸ್ಪಷ್ಟವಾಗಿ ಹೇಳಿದೆ: ಕೆಲಸಕ್ಕೆ ಸಿದ್ಧನಿದ್ದವನನ್ನು, ಅವನ ತಪ್ಪಿಲ್ಲದೆ, ಇಲಾಖೆಯೇ ದೂರ ಇಟ್ಟಾಗ "ಕೆಲಸವಿಲ್ಲದಿದ್ದರೆ ವೇತನವಿಲ್ಲ" ಎಂಬ ಸಾಮಾನ್ಯ ನಿಯಮ ಅನ್ವಯಿಸುವುದಿಲ್ಲ. ಹಾಗಂತ ಹಿಂಬಾಕಿ ತಾನಾಗಿಯೇ ಬರುತ್ತದೆ ಅಂತಲೂ ಅಲ್ಲ. ನೌಕರನೇ ವಿಚಾರಣೆ ಎಳೆದಿದ್ದರೆ, ಅಥವಾ ಕ್ರಿಮಿನಲ್ ಕೇಸಿನಲ್ಲಿ ಸಂಶಯದ ಲಾಭದಿಂದ ಬಿಡುಗಡೆಯಾಗಿದ್ದರೆ, ಪೂರ್ತಿ ಅಥವಾ ಭಾಗಶಃ ನಿರಾಕರಿಸಬಹುದು. ಆದರೆ ಕಾರಣ ಬರೆಯಬೇಕು. ನೀವು ಹೇಳಿದ ಸಾಲು ಕಾರಣವಲ್ಲ, ಬರೀ ತೀರ್ಮಾನ. ಮನವಿಯಲ್ಲಿ ಒತ್ತಿ ಹೇಳಬೇಕಾದ್ದು ಇದನ್ನೇ.

ಲೆವೆಲ್_ಏಳು:
ಲೆಕ್ಕ ತೋರಿಸುತ್ತೇನೆ. 1-7-2020ಕ್ಕೆ ಮೂಲ ವೇತನ 46,200 ಇತ್ತು ಅಂದುಕೊಳ್ಳಿ. ಬಡ್ತಿಗೆ ಲೆವೆಲ್ 6ರಲ್ಲೇ ಒಂದು ಇನ್‌ಕ್ರಿಮೆಂಟ್: 47,600. ಲೆವೆಲ್ 7ರಲ್ಲೂ 47,600ರ ಸೆಲ್ ಇರುವುದರಿಂದ ಅಲ್ಲಿಗೇ ನಿಗದಿ. ವ್ಯತ್ಯಾಸ ತಿಂಗಳಿಗೆ 1,400. 2021ರ ಜೂನ್‌ವರೆಗೆ ಡಿಎ (ತುಟ್ಟಿಭತ್ಯೆ) 17 ಶೇಕಡದಲ್ಲೇ ತಡೆದಿದ್ದರಿಂದ ಅದರ ಮೇಲೆ 238. ಬೆಂಗಳೂರು ಎಕ್ಸ್ ವರ್ಗದ ನಗರ, ಆಗ ಎಚ್‌ಆರ್‌ಎ (ಮನೆ ಬಾಡಿಗೆ ಭತ್ಯೆ) 24 ಶೇಕಡ, ಅಂದರೆ 336. ಒಟ್ಟು 1,974. ಜುಲೈ 2021ರಿಂದ ಡಿಎ 31, ಎಚ್‌ಆರ್‌ಎ 27 ಆಯಿತು. ಬಿಲ್ ಮಾಡುವವರು ಐದೂ ವರ್ಷಕ್ಕೆ ಒಂದೇ ದರ ಹಾಕಿಬಿಡುವುದುಂಟು, ತಿಂಗಳುವಾರು ಪಟ್ಟಿ ಕೇಳಿ. ಕ್ವಾರ್ಟರ್ಸ್‌ನಲ್ಲಿದ್ದವರಾದರೆ ಎಚ್‌ಆರ್‌ಎ ಬಿಟ್ಟುಬಿಡಿ.

ತುಂಬಾ ಮುಖ್ಯ: ವೇತನ ನಿಗದಿಯ ಆಯ್ಕೆ (ಬಡ್ತಿಯ ದಿನದಿಂದಲೋ, ಮುಂದಿನ ಇನ್‌ಕ್ರಿಮೆಂಟ್ ದಿನದಿಂದಲೋ) ಕೊಡಲು ಆದೇಶ ಬಂದ ಮೇಲೆ ಒಂದೇ ತಿಂಗಳು. ಆದೇಶ ಹೋದ ವಾರದ್ದು ಅಂದಿದ್ದೀರಿ, ಇವತ್ತೇ ಬರೆದುಕೊಡಿಸಿ. 1-7-2021ರಿಂದ ನಿಗದಿ ಮಾಡಿ ಎಂದು ಆರಿಸಿದರೆ ಅಂದು 49,000ಕ್ಕೆ ಬಂದು, ಮುಂದಿನ ಇನ್‌ಕ್ರಿಮೆಂಟ್ 1-1-2022ಕ್ಕೇ ಸಿಕ್ಕಿ 50,500 ಆಗುತ್ತದೆ. ಬಡ್ತಿಯ ದಿನದಿಂದಲೇ ಅಂದರೆ ಅದೇ 50,500ಕ್ಕೆ 1-7-2022ರವರೆಗೆ ಕಾಯಬೇಕು. ಹಿಂಬಾಕಿ ಕೊಡದೆ ಹೋದರೂ ಇವತ್ತಿನ ವೇತನಕ್ಕೆ ಇದರ ಲಾಭ ಇದ್ದೇ ಇದೆ.

ಮಲ್ಲೇಶ್ವರ_ಓದುಗ:
ಆರೋಪಮುಕ್ತ ಅಲ್ಲ, ಬರೀ ಸೆನ್ಶೂರ್ (ವಾಗ್ದಂಡನೆ) ಆಗಿದ್ದರೆ ಕವರ್ ತೆರೆಯುತ್ತಾರಾ?

ಸೇವಾಪುಸ್ತಕ:
ಇಲ್ಲ. 14-9-1992ರ ಡಿಒಪಿಟಿ (ಕೇಂದ್ರ ಸಿಬ್ಬಂದಿ ಇಲಾಖೆ) ಜ್ಞಾಪನದ ಪ್ರಕಾರ ಯಾವುದೇ ದಂಡನೆ ಆದರೂ ಕವರ್‌ನಲ್ಲಿರುವುದನ್ನು ಜಾರಿ ಮಾಡುವಂತಿಲ್ಲ, ಮುಂದಿನ ಡಿಪಿಸಿ ಹೊಸದಾಗಿ ನೋಡುತ್ತದೆ. ಹಳೆಯ ತಾರೀಖು ಹೋಯಿತು. ಆದರೆ ಒಂದು ಉಳಿಯುತ್ತದೆ: ದೊಡ್ಡ ದಂಡನೆಗೆಂದು ಶುರುವಾದ ವಿಚಾರಣೆ ಸಣ್ಣ ದಂಡನೆಯಲ್ಲಿ ಮುಗಿದರೆ, 3-12-1985ರ ಜ್ಞಾಪನದಂತೆ ಅಮಾನತು ಅಸಮರ್ಥನೀಯ ಎಂದೇ ಪರಿಗಣಿಸಿ ಆ ಅವಧಿಗೆ ಪೂರ್ತಿ ವೇತನ ಕೊಡಬೇಕು. ಎಷ್ಟೋ ಜನ ಸೆನ್ಶೂರ್ ಆಯಿತಲ್ಲ ಎಂದು ಇದನ್ನು ಕೇಳದೇ ಬಿಟ್ಟುಬಿಡುತ್ತಾರೆ, ಅದೇ ಬೇಸರ. ದಂಡನೆಯ ವಿರುದ್ಧ 45 ದಿನದೊಳಗೆ ಮೇಲ್ಮನವಿಗೂ ಅವಕಾಶವಿದೆ.

ಕೋರಮಂಗಲ_6ನೇ_ಬ್ಲಾಕ್:
ಡಿಫೆನ್ಸ್ ಅಸಿಸ್ಟೆಂಟ್ (ವಿಚಾರಣೆಯಲ್ಲಿ ನೌಕರನ ಪರ ವಾದಿಸುವವರು) ಬರಲಿಲ್ಲ ಅಂತ ಎರಡು ಸಲ ಇವರೇ ಮುಂದೂಡಿಕೆ ಕೇಳಿದ್ದಾರೆ. ಅದನ್ನು ಮನವಿಯಲ್ಲಿ ಬರೆಯುವುದೋ ಬೇಡವೋ?

ಇಂದಿರಾನಗರ_ಓಎ:
ಬರೆಯಿರಿ. ವಿಚಾರಣೆಯ ಡೈಲಿ ಆರ್ಡರ್ ಶೀಟುಗಳ ಪ್ರತಿ ಅವರ ಬಳಿಯೇ ಇರುತ್ತದೆ. ತಾರೀಖು, ಮುಂದೂಡಿದವರು ಯಾರು, ಎಷ್ಟು ದಿನ ಎಂದು ಮೂರು ಕಾಲಂ ಹಾಕಿ. ಐದು ವರ್ಷದಲ್ಲಿ ಇವರ ಪಾಲು ಕೆಲವೇ ವಾರ, ಉಳಿದದ್ದು ಪ್ರೆಸೆಂಟಿಂಗ್ ಆಫೀಸರ್ (ಇಲಾಖೆಯ ಪರ ವಾದಿಸುವವರು) ಬದಲಾವಣೆ, ಸಾಕ್ಷಿಗಳ ಗೈರು ಎಂದು ಕಣ್ಣಿಗೆ ಕಂಡರೆ "ನೌಕರನೇ ಎಳೆದ" ಎನ್ನಲು ಜಾಗ ಉಳಿಯುವುದಿಲ್ಲ. ಮುಚ್ಚಿಟ್ಟರೆ ನಾಳೆ ಇಲಾಖೆಯ ಉತ್ತರದಲ್ಲಿ ಆ ಎರಡೇ ಹಾಳೆ ಎದ್ದು ಕಾಣುತ್ತವೆ. ಜೊತೆಗೆ ಆರೋಪಮುಕ್ತಿ ಆದೇಶ, ಬಡ್ತಿ ಆದೇಶ, ಕಿರಿಯರ ಬಡ್ತಿ ಆದೇಶ ಲಗತ್ತಿಸಿ, ಸರಿಯಾದ ಮಾರ್ಗದಲ್ಲಿ ನೇಮಕಾತಿ ಪ್ರಾಧಿಕಾರಕ್ಕೆ ಕಳಿಸಿ, ಸ್ವೀಕೃತಿಯ ಸೀಲು ಹಾಕಿಸಿಕೊಳ್ಳಿ.

ಆರು ತಿಂಗಳಲ್ಲಿ ಉತ್ತರ ಬರದಿದ್ದರೆ ಅಲ್ಲಿಂದ ಒಂದು ವರ್ಷದೊಳಗೆ ಇಂದಿರಾನಗರದ ಸಿಎಟಿ (ಕೇಂದ್ರ ಆಡಳಿತ ನ್ಯಾಯಮಂಡಳಿ) ಪೀಠಕ್ಕೆ ಓಎ (ಮೂಲ ಅರ್ಜಿ), ಶುಲ್ಕ 50 ರೂಪಾಯಿ. ಮನವಿಯ ಮೇಲೆ ಮನವಿ ಕೊಡುತ್ತಾ ಕೂತರೆ ಅವಧಿ ಹಿಗ್ಗುವುದಿಲ್ಲ. ರಾಜ್ಯ ಸರ್ಕಾರಿ ನೌಕರರು ಇದನ್ನು ಓದುತ್ತಿದ್ದರೆ, ನಿಮಗೆ ಎಫ್‌ಆರ್ ಅಲ್ಲ, ಕೆಸಿಎಸ್‌ಆರ್ (ಕರ್ನಾಟಕ ನಾಗರಿಕ ಸೇವಾ ನಿಯಮಾವಳಿ) ನಿಯಮ 99. ಹೋಗಬೇಕಾದ್ದು ಕಂದಾಯ ಭವನದಲ್ಲಿರುವ ರಾಜ್ಯ ಆಡಳಿತ ನ್ಯಾಯಮಂಡಳಿ ಕೆಎಸ್‌ಎಟಿಗೆ.