ಟ್ರ್ಯಾಪ್ ಆದವರು ಆರೇ ತಿಂಗಳಿಗೆ ಡ್ಯೂಟಿಗೆ ವಾಪಸ್: ಇದು ಹೇಗೆ ಸಾಧ್ಯ?

ಕೆರೆ_ಏರಿ (ಮಧುಗಿರಿ ಉಪವಿಭಾಗ)

ಪೌತಿ ಖಾತೆಗೆ (ತೀರಿಕೊಂಡವರ ಜಮೀನನ್ನು ವಾರಸುದಾರರ ಹೆಸರಿಗೆ ಮಾಡಲು) ದುಡ್ಡು ಕೇಳಿದ ಗ್ರಾಮ ಆಡಳಿತ ಅಧಿಕಾರಿಯೊಬ್ಬರು ಲೋಕಾಯುಕ್ತ ಟ್ರ್ಯಾಪ್‌ನಲ್ಲಿ ಸಿಕ್ಕಿಬಿದ್ದು ಸಸ್ಪೆಂಡ್ ಆಗಿದ್ದರು. ಆರು ತಿಂಗಳು ತುಂಬುವ ಮೊದಲೇ ಪಕ್ಕದ ತಾಲ್ಲೂಕಿನಲ್ಲಿ ಹಾಜರಾಗಿದ್ದಾರೆ. ಕೇಸು ಇನ್ನೂ ಕೋರ್ಟ್ ಮೆಟ್ಟಿಲೇ ಹತ್ತಿಲ್ಲ. ಮನೆಯಲ್ಲಿದ್ದಾಗಲೂ ಸಂಬಳ ಬರ್ತಿತ್ತು ಅಂತಾರೆ, ನಿಜವೇ? ತಹಶೀಲ್ದಾರರನ್ನು ಕೇಳಿದರೆ "ನಮ್ಮ ಕೈಲಿಲ್ಲ" ಅನ್ನುತ್ತಾರೆ. ಮತ್ತೆ ಅಮಾನತು ಮಾಡಿ ಅಂತ ಎಲ್ಲಿ ಅರ್ಜಿ ಹಾಕಬೇಕು?

ಹಳೇ_ಕಡತ

ತಹಶೀಲ್ದಾರರು ಹೇಳಿದ್ದು ನಿಜ. ಸಿಸಿಎ ನಿಯಮಗಳು (ರಾಜ್ಯ ಸರ್ಕಾರಿ ನೌಕರರ ಶಿಸ್ತು ನಿಯಮಗಳು) 1957ರ ನಿಯಮ 10ರ ಪ್ರಕಾರ ಅಮಾನತು ಮಾಡುವ ಅಧಿಕಾರ ನೇಮಕಾತಿ ಪ್ರಾಧಿಕಾರಕ್ಕೆ ಅಥವಾ ಅದಕ್ಕಿಂತ ಮೇಲಿನವರಿಗೆ. ಗ್ರಾಮ ಆಡಳಿತ ಅಧಿಕಾರಿಗೆ ಅಂದರೆ ಜಿಲ್ಲಾಧಿಕಾರಿ. ತಹಶೀಲ್ದಾರರು ಉಪವಿಭಾಗಾಧಿಕಾರಿಗಳ ಮೂಲಕ ವರದಿ ಕಳಿಸಬಹುದು, ಅಷ್ಟೇ.

ಬಂಧನವಾಗಿ 48 ಗಂಟೆ ದಾಟಿದರೆ 10(2)ರ ಪ್ರಕಾರ ಬಂಧನದ ದಿನದಿಂದಲೇ ಅಮಾನತಾದಂತೆ ಲೆಕ್ಕ. 40 ಗಂಟೆಗೇ ಜಾಮೀನು ಸಿಕ್ಕಿದರೆ ಈ ಉಪನಿಯಮ ಬರುವುದಿಲ್ಲ, ಆಗ 10(1)ರಡಿ ಪ್ರತ್ಯೇಕ ಆದೇಶ ಬೇಕು. ಎಷ್ಟೋ ಕಡತ ಇಲ್ಲೇ ಎಡವುತ್ತದೆ. ಬಂಧಿಸಿದ ಮತ್ತು ಬಿಡುಗಡೆಯಾದ ಸಮಯ ಪೊಲೀಸರಿಂದ ಬರೆಸಿಕೊಳ್ಳದೆಯೇ ವಿಷಯ ನಿರ್ವಾಹಕರು (ಆ ಕಡತ ನೋಡುವ ಗುಮಾಸ್ತರು) ಟಿಪ್ಪಣಿ ಮಂಡಿಸಿಬಿಡುತ್ತಾರೆ.

ಸಂಬಳ ಅಲ್ಲ, ಜೀವನಾಧಾರ ಭತ್ಯೆ. ಕೆಸಿಎಸ್‌ಆರ್ (ಕರ್ನಾಟಕ ನಾಗರಿಕ ಸೇವಾ ನಿಯಮಗಳು) ನಿಯಮ 98. ಮೊದಲಿಗೆ ಅರ್ಧ ವೇತನ, ಅದಕ್ಕೆ ತಕ್ಕ ತುಟ್ಟಿಭತ್ಯೆ. ವಿಚಾರಣೆ ಎಳೆದದ್ದು ನೌಕರನ ತಪ್ಪಿನಿಂದಲ್ಲ ಅಂತಾದರೆ ಮುಂದೆ ಹೆಚ್ಚಿಸಬಹುದು. ಬೇರೆ ಕಡೆ ದುಡಿಯುತ್ತಿಲ್ಲ ಅಂತ ದೃಢೀಕರಣ ಕೊಡಬೇಕು, ಅನುಮತಿ ಇಲ್ಲದೆ ಕೇಂದ್ರಸ್ಥಾನ ಬಿಡುವಂತಿಲ್ಲ. ಜನಕ್ಕೆ ಇದು ಕೆಲಸವಿಲ್ಲದ ಸಂಬಳದಂತೆ ಕಾಣುವುದು ಸಹಜ. ಆದರೆ ಅಮಾನತು ಶಿಕ್ಷೆಯಲ್ಲ, ಶಿಕ್ಷೆಗಳ ಪಟ್ಟಿ ನಿಯಮ 8ರಲ್ಲಿದೆ, ಅಲ್ಲಿ ಅಮಾನತು ಇಲ್ಲ.

ಬೆಂಚ್_ಕ್ಲರ್ಕ್

ಹಳೇ_ಕಡತ ಸರ್ ಬರೆದದ್ದಕ್ಕೆ ಒಂದಷ್ಟು ಸೇರಿಸುತ್ತೇನೆ. ವಾಪಸ್ ಬರಲು ಮುಖ್ಯ ಕಾರಣ ಅಜಯ್ ಕುಮಾರ್ ಚೌಧರಿ ಪ್ರಕರಣದಲ್ಲಿ 2015ರಲ್ಲಿ ಬಂದ ಸುಪ್ರೀಂ ಕೋರ್ಟ್ ತೀರ್ಪು. ಮೂರು ತಿಂಗಳೊಳಗೆ ದೋಷಾರೋಪಣೆ (ಆರೋಪಪಟ್ಟಿ) ಜಾರಿ ಆಗದಿದ್ದರೆ ಅಮಾನತು ಮುಂದುವರಿಯಬಾರದು, ಜಾರಿ ಆಗಿದ್ದರೆ ಮುಂದುವರಿಸಲು ಕಾರಣ ಬರೆದ ಆದೇಶ ಬೇಕು. ಸಾಕ್ಷಿಗಳ ಸಂಪರ್ಕ ಸಿಗದಂತೆ ಬೇರೆ ಕಚೇರಿಗೆ ಹಾಕಬಹುದು ಅಂತಲೂ ಅದರಲ್ಲೇ ಇದೆ. ನಿಮ್ಮ ಪಕ್ಕದ ತಾಲ್ಲೂಕಿನ ಗುಟ್ಟು ಇದೇ ಇರಬೇಕು.

ಟ್ರ್ಯಾಪ್ ಕೇಸಿನಲ್ಲಿ ಮೂರು ತಿಂಗಳು ಏಕೆ ಸಾಲುವುದಿಲ್ಲ? ಲಂಚವಾಗಿ ಕೊಡಿಸುವ ನೋಟಿಗೆ ಸವರಿದ್ದು ಫಿನಾಲ್ಫ್ತಲೀನ್ ಪುಡಿ. ಸಿಕ್ಕವರ ಬೆರಳನ್ನು ಸೋಡಿಯಂ ಕಾರ್ಬೊನೇಟ್ ನೀರಿನಲ್ಲಿ ಅದ್ದಿಸಿದಾಗ ನೀರು ಗುಲಾಬಿ ಬಣ್ಣಕ್ಕೆ ತಿರುಗುತ್ತದೆ. ಆ ನೀರನ್ನು ಬಾಟಲಿಗೆ ತುಂಬಿ, ಪಂಚರ (ಸಾಕ್ಷಿದಾರರ) ಮುಂದೆ ಅರಗಿನ ಮೊಹರು ಹಾಕಿ ಎಫ್‌ಎಸ್‌ಎಲ್‌ಗೆ (ವಿಧಿವಿಜ್ಞಾನ ಪ್ರಯೋಗಾಲಯಕ್ಕೆ) ಕಳಿಸುತ್ತಾರೆ. ವರದಿ ಬರಬೇಕು. ಆಮೇಲೆ ಭ್ರಷ್ಟಾಚಾರ ತಡೆ ಕಾಯ್ದೆ 1988ರ ಕಲಂ 19ರ ಅಭಿಯೋಜನಾ ಮಂಜೂರಾತಿ (ಕೋರ್ಟಿನಲ್ಲಿ ಕೇಸು ನಡೆಸಲು ಅನುಮತಿ). ಕೆಲಸದಿಂದ ತೆಗೆಯುವ ಅಧಿಕಾರ ಯಾರಿಗಿದೆಯೋ ಅವರೇ ಅದನ್ನು ಕೊಡಬೇಕು, ಅಂದರೆ ಕಡತ ಮತ್ತೆ ಜಿಲ್ಲಾಧಿಕಾರಿ ಮೇಜಿಗೆ. 2018ರ ತಿದ್ದುಪಡಿಯಂತೆ ಅದಕ್ಕೆ ಮೂರು ತಿಂಗಳು, ಕಾನೂನು ಸಲಹೆ ಬೇಕಾದರೆ ಇನ್ನೊಂದು ತಿಂಗಳು. ಕೋರ್ಟಿನ ಚಾರ್ಜ್‌ಶೀಟ್ ಕಾಯುತ್ತಾ ಕೂತರೆ ಅಮಾನತು ತಾನಾಗಿಯೇ ಸಡಿಲವಾಗುತ್ತದೆ. ಇಲಾಖಾ ವಿಚಾರಣೆಗೆ ಕಾಯುವ ಅಗತ್ಯವಿಲ್ಲ: ಅನುಬಂಧ 1ರಿಂದ 4, ಅಂದರೆ ಆರೋಪ, ಅದರ ವಿವರಣೆ, ದಾಖಲೆ ಪಟ್ಟಿ, ಸಾಕ್ಷಿ ಪಟ್ಟಿ ತಯಾರಿಸಿ ಜಾರಿ ಮಾಡಬಹುದು. ಲೋಕಾಯುಕ್ತಕ್ಕೆ ವಹಿಸುವುದಾದರೆ ಸಿಸಿಎ ನಿಯಮ 14-ಎ. ವಹಿಸುವ ಆದೇಶವೇ ತಡವಾದರೆ ಮಿಕ್ಕದ್ದೆಲ್ಲ ತಡ.

ಇನ್ನು ಭತ್ಯೆ ಕೊಡಬಾರದು ಅನ್ನುವವರಿಗೆ. ಭಾರತ್ ಗೋಲ್ಡ್ ಮೈನ್ಸ್, ನಮ್ಮ ಕೆಜಿಎಫ್‌ದೇ ಕೇಸು. ಭದ್ರತಾ ಅಧಿಕಾರಿಯನ್ನು ಅಮಾನತು ಮಾಡಿ ಜೀವನಾಧಾರ ಭತ್ಯೆ ಕೊಡಲಿಲ್ಲ. ವಿಚಾರಣೆಗೆ ಬರಲು ಅವರಿಗೆ ಆಗಲಿಲ್ಲ, ಏಕಪಕ್ಷೀಯವಾಗಿ ಮುಗಿಸಿ ವಜಾ ಮಾಡಿದರು. 1999ರಲ್ಲಿ ಸುಪ್ರೀಂ ಕೋರ್ಟ್ ಆ ವಜಾ ನಿಲ್ಲುವುದಿಲ್ಲ ಅಂದಿತು. ಅರ್ಧ ಸಂಬಳ ಉಳಿಸಲು ಹೋಗಿ ಇಡೀ ವಿಚಾರಣೆ ಕಳೆದುಕೊಂಡಂತೆ.

ಕೆರೆ_ಏರಿ

ಅಂದರೆ ಮರು ಅಮಾನತಿಗೆ ಅರ್ಜಿ ಹಾಕಿ ಉಪಯೋಗವಿಲ್ಲವೇ?

ಹಳೇ_ಕಡತ

ಅದೇ ಕಾರಣಕ್ಕೆ ಮತ್ತೆ ಅಮಾನತು ಮಾಡಿದರೆ ಕೆಎಟಿಯಲ್ಲಿ (ಕರ್ನಾಟಕ ಆಡಳಿತ ನ್ಯಾಯಮಂಡಳಿ) ಮೊದಲ ದಿನವೇ ತಡೆಯಾಜ್ಞೆ ಸಿಗುವ ಸಾಧ್ಯತೆ ಹೆಚ್ಚು. ಹೊಸ ಆರೋಪವಿದ್ದರೆ ಬೇರೆ ಮಾತು. ಜಿಲ್ಲಾಧಿಕಾರಿಗಳಿಗೆ ಅರ್ಜಿ ಕೊಡಿ, ಆದರೆ "ಸಸ್ಪೆಂಡ್ ಮಾಡಿ" ಅಂತಲ್ಲ. ಮಂಜೂರಾತಿ ಕೊಡಿ, ದೋಷಾರೋಪಣೆ ಜಾರಿ ಮಾಡಿ, ಅಲ್ಲಿಯವರೆಗೆ ಸಾರ್ವಜನಿಕರ ಅರ್ಜಿ ಮುಟ್ಟದ ಕೆಲಸಕ್ಕೆ ಹಾಕಿ ಅಂತ ಬರೆಯಿರಿ. ಪಕ್ಕದ ತಾಲ್ಲೂಕಿನಲ್ಲೂ ಪೌತಿ ಖಾತೆಯನ್ನೇ ನೋಡುತ್ತಿದ್ದರೆ ವರ್ಗ ಮಾಡಿ ಏನು ಬಂತು?

ಹತ್ತು_ರೂಪಾಯಿ

ಅರ್ಜಿಗೆ ಮೊದಲು ಕಡತ ಎಲ್ಲಿ ನಿಂತಿದೆ ಅಂತ ಆರ್‌ಟಿಐನಲ್ಲಿ ತಿಳಿದುಕೊಳ್ಳಿ. ಕರ್ನಾಟಕದ ನಿಯಮದಂತೆ ಒಂದು ಅರ್ಜಿಗೆ ಒಂದೇ ವಿಷಯ, 150 ಪದದೊಳಗೆ, ಶುಲ್ಕ 10 ರೂ. ಡಿಸಿ ಕಚೇರಿಯ ಸಾರ್ವಜನಿಕ ಮಾಹಿತಿ ಅಧಿಕಾರಿಗೆ ಹಾಕಿ.

"ಅವರ ಮೇಲಿನ ಎಲ್ಲ ದಾಖಲೆ ಕೊಡಿ" ಅಂದರೆ ಕೈ ಸುಟ್ಟುಕೊಂಡಂತೆ. ನೌಕರನ ಶಿಸ್ತುಕ್ರಮದ ವಿವರ ವೈಯಕ್ತಿಕ ಮಾಹಿತಿ ಅಂತ 2012ರ ಗಿರೀಶ್ ದೇಶಪಾಂಡೆ ತೀರ್ಪು ತೋರಿಸಿ ವಾಪಸ್ ಕಳಿಸುತ್ತಾರೆ, ಇಲ್ಲವೇ ತನಿಖೆಗೆ ಅಡ್ಡಿ ಅಂತ ಆರ್‌ಟಿಐ ಕಾಯ್ದೆಯ 8(1)(ಎಚ್) ಬರೆಯುತ್ತಾರೆ. ಬದಲಿಗೆ ದಿನಾಂಕ ಕೇಳಿ: ಮಂಜೂರಾತಿ ಕೋರಿದ ಪತ್ರ ಸ್ವೀಕೃತವಾದ ದಿನ, ಕಡತ ಈಗ ಯಾವ ಶಾಖೆಯಲ್ಲಿ ಎಷ್ಟು ದಿನದಿಂದ ಇದೆ, ಅಮಾನತು ತೆರವಿನ ಆದೇಶದ ಸಂಖ್ಯೆ ಮತ್ತು ದಿನಾಂಕ. 30 ದಿನದಲ್ಲಿ ಉತ್ತರವಿಲ್ಲದಿದ್ದರೆ ಮುಂದಿನ 30 ದಿನದೊಳಗೆ ಮೊದಲ ಮೇಲ್ಮನವಿ. ಮಂಜೂರಾತಿ ಕೋರಿದ ಪತ್ರ ಬಂದು ನಾಲ್ಕು ತಿಂಗಳು ಮೀರಿದೆ ಅಂತ ಅವರ ಉತ್ತರದಲ್ಲೇ ಬಂದರೆ, ಅದರ ಪ್ರತಿಯನ್ನು ಹಳೇ_ಕಡತ ಸರ್ ಹೇಳಿದ ಅರ್ಜಿಗೆ ಲಗತ್ತಿಸಿ, ಸ್ವೀಕೃತಿ ಮೊಹರು ಹಾಕಿಸಿಕೊಳ್ಳಿ.