ಮರದ ಮೆಟ್ಟಿಲು ಕಿರುಗುಟ್ಟುತ್ತಿದೆ, ಪೂರ್ತಿ ಬಿಚ್ಚದೆ ಸರಿಮಾಡಬಹುದಾ?

ಪ್ರಶ್ನೆ
ಮನೆಯೊಳಗಿನ ಮರದ ಮೆಟ್ಟಿಲು ಹಳೆಯದು. ಕೆಲವು ಮೆಟ್ಟಿಲ ಮೇಲೆ ಕಾಲಿಟ್ಟರೆ ಸಾಕು, ಕಿರ್ ಅನ್ನುತ್ತೆ. ರಾತ್ರಿ ಒಬ್ಬರು ಇಳಿದರೆ ಮನೆಯವರೆಲ್ಲ ಏಳ್ತಾರೆ. ಹಳೇ ಮೊಳೆಗಳನ್ನೇ ಇನ್ನಷ್ಟು ಬಡಿದು ಕೂರಿಸಿದ್ದಾಯ್ತು, ಸ್ವಲ್ಪ ದಿನ ಸುಮ್ಮನಿದ್ದು ಮತ್ತೆ ಶುರು. ಹವೆ ಒಣಗಿದಾಗ ಸದ್ದು ಜಾಸ್ತಿ, ಮಳೆ ಹಿಡಿದಾಗ ಕಮ್ಮಿ. ಕೆಳಗಿನ ಅರ್ಧದ ಅಡಿಭಾಗಕ್ಕೆ ಕೈ ಹೋಗುತ್ತೆ, ಮೇಲಿನ ಅರ್ಧ ಮುಚ್ಚಿದೆ. ಏನು ಮಾಡಲಿ?

ಉತ್ತರ 1
ಟಾಲ್ಕಂ ಪೌಡರ್ ಇಲ್ಲಾ ಗ್ರಾಫೈಟ್ ಪುಡಿಯನ್ನು ಸಂದಿಗೆ ಉದುರಿಸಿ ಬ್ರಷ್‌ನಿಂದ ಒಳಗೆ ತಳ್ಳಿ. ಐದು ನಿಮಿಷದ ಕೆಲಸ.

ಉತ್ತರ 2
ಪೌಡರ್ ಕೊನೆಗೆ ಇರಲಿ. ಪುಡಿ ಹೊಕ್ಕ ಸಂದಿಯಲ್ಲಿ ಆಮೇಲೆ ಅಂಟು ಸರಿಯಾಗಿ ಹಿಡಿಯಲ್ಲ. ಎಣ್ಣೆ ಹಾಕೋದಂತೂ ಬೇಡವೇ ಬೇಡ, ಮರ ಅದನ್ನು ಕುಡಿದುಬಿಡುತ್ತೆ.

ಹವೆ ಒಣಗಿದಾಗ ಜಾಸ್ತಿ ಅಂದಿರಲ್ಲ, ಕಾರಣ ಅಲ್ಲೇ ಇದೆ. ತೇವ ಆರಿದಾಗ ಹಲಗೆ ಅಗಲಕ್ಕೂ ದಪ್ಪಕ್ಕೂ ಕುಗ್ಗುತ್ತೆ, ಉದ್ದಕ್ಕೆ ಹೆಚ್ಚುಕಮ್ಮಿ ಹಾಗೇ ಇರುತ್ತೆ. ಕೂಡಿಕೆ ಸಡಿಲವಾಗಿ ಮರಕ್ಕೆ ಮರ, ಇಲ್ಲವೇ ಮರಕ್ಕೆ ಮೊಳೆ ಉಜ್ಜುತ್ತೆ. ಹಾಗಾಗಿ ಸಂದು ಬಾಯಿ ಬಿಟ್ಟಿರುವ ಒಣ ದಿನಗಳೇ ರಿಪೇರಿಗೆ ಒಳ್ಳೇದು.

ಮೊದಲು ಉಜ್ಜುವ ಜಾಗ ಹಿಡಿಯಿರಿ. ಒಬ್ಬರು ಮೆಟ್ಟಿಲ ಮೇಲೆ ನಿಧಾನಕ್ಕೆ ಭಾರ ಹಾಕಲಿ, ಇನ್ನೊಬ್ಬರು ಅಡಿಯಲ್ಲಿ ಕೂತು ಟಾರ್ಚ್ ಬಿಟ್ಟು ನೋಡಲಿ. ಮುಂದಿನ ಅಂಚಲ್ಲಿ ಸದ್ದಾದರೆ ಕಾಲಿಡುವ ಹಲಗೆಗೂ ಅದರಡಿ ನೆಟ್ಟಗೆ ನಿಂತ ಹಲಗೆಗೂ ನಡುವೆ ಸಡಿಲ. ಹಿಂದಿನ ಅಂಚಲ್ಲಾದರೆ ಮೇಲಿನ ಮೆಟ್ಟಿಲ ನಿಂತ ಹಲಗೆಯ ಬುಡ. ಪಕ್ಕದಲ್ಲಾದರೆ ಬದಿಯ ಓರೆ ಹಲಗೆಯಲ್ಲಿನ ಬೆಣೆ. ಚಾಕ್‌ಪೀಸಲ್ಲಿ ಗುರುತು ಹಾಕಿಕೊಳ್ಳಿ. ಹಲಗೆಯೇ ಬಳುಕುತ್ತಿದ್ದರೆ, ಸ್ಕ್ರೂಡ್ರೈವರ್ ತುದಿ ಮೆತ್ತಗೆ ಒಳಹೋದರೆ ಅದು ಬಿರುಕು ಅಥವಾ ಗೆದ್ದಲು. ಆಗ ಬಡಗಿಯನ್ನೇ ಕರೆಯಿರಿ.

ಪ್ರಶ್ನೆ ಕೇಳಿದವರು
ನೋಡಿದೆ ಸರ್. ಕೆಳಗೆ ಒಂದು ಕಡೆ ಬೆಣೆ ಜಾರಿ ಬಿದ್ದೇ ಹೋಗಿದೆ. ಉಳಿದ ಸದ್ದೆಲ್ಲ ಮುಂದಿನ ಅಂಚಲ್ಲಿ, ಅದರಲ್ಲಿ ಕೆಲವು ಮುಚ್ಚಿದ ಭಾಗದಲ್ಲಿವೆ.

ಉತ್ತರ 2
ಬೆಣೆಯ ಜಾಗದ ಹಳೇ ಅಂಟನ್ನು ಉಳಿಯಿಂದ ಕೆರೆದು ತೆಗೆಯಿರಿ, ಹಳೇ ಅಂಟಿನ ಮೇಲೆ ಹೊಸದು ನಿಲ್ಲಲ್ಲ. ಬೆಣೆಗೆ ಮರದ ಅಂಟು ಹಚ್ಚಿ ಬಿಗಿಯಾಗುವಷ್ಟೇ ಬಡಿಯಿರಿ. ಜೋರಾಗಿ ಹೊಡೆದರೆ ಹಲಗೆ ಮೇಲೆದ್ದು ಇನ್ನೊಂದು ಕಡೆ ಸಂದು ಬೀಳುತ್ತೆ. ಕೈ ಹೋಗುವ ಕಡೆ, ಮುಂದಿನ ಮೂಲೆಗಳಿಗೆ ಅಡಿಯಿಂದ ಮರದ ತುಂಡು ಇಟ್ಟು ಅಂಟಿಸಿ, ಸ್ಕ್ರೂ ಹಾಕಿ. ಒಂದು ದಿನ ಅದರ ಮೇಲೆ ಓಡಾಡಬೇಡಿ.

ಮುಚ್ಚಿದ ಭಾಗಕ್ಕೆ ಮೇಲಿನಿಂದ ಸ್ಕ್ರೂ. ನಿಂತ ಹಲಗೆಯ ನಡುಮಧ್ಯಕ್ಕೇ ಬೀಳಬೇಕು. ಕಾಲಿಡುವ ಹಲಗೆ ಮುಂದಕ್ಕೆ 25 ಮಿ.ಮೀ. ಚಾಚಿದ್ದು, ನಿಂತ ಹಲಗೆ 18 ಮಿ.ಮೀ. ದಪ್ಪ ಇದ್ದರೆ, ಅಂಚಿನಿಂದ 34 ಮಿ.ಮೀ.ಗೆ ಗುರುತು. 4 ಮಿ.ಮೀ. ಸ್ಕ್ರೂಗೆ ಮೇಲಿನ ಹಲಗೆಯಲ್ಲಿ 4.5 ಮಿ.ಮೀ. ತೂತು, ಕೆಳಗಿನದರಲ್ಲಿ 2.5 ಮಿ.ಮೀ., ಗಟ್ಟಿ ಮರಕ್ಕೆ 3. ಇದನ್ನು ಬಹಳ ಜನ ಬಿಟ್ಟುಬಿಡ್ತಾರೆ. ಮೇಲಿನ ತೂತು ಸಡಿಲ ಇದ್ದರೆ ಮಾತ್ರ ಸ್ಕ್ರೂ ಎರಡನ್ನೂ ಎಳೆದು ಕೂಡಿಸುತ್ತೆ. ಇಲ್ಲದಿದ್ದರೆ ಎರಡಕ್ಕೂ ಸ್ಕ್ರೂನ ಸುರುಳಿ ಏಣು ಕಚ್ಚಿಕೊಂಡು ಸಂದು ಹಾಗೇ ಉಳಿಯುತ್ತೆ. ತಿರುಗಿಸುವಾಗ ಮೆಟ್ಟಿಲ ಮೇಲೆ ಯಾರಾದರೂ ನಿಂತಿರಲಿ.

ಉತ್ತರ 3
ಇಷ್ಟೆಲ್ಲ ಯಾಕೆ? ಎರಡು ಮೊಳೆ ಎದುರುಬದುರು ಓರೆಯಾಗಿ ಹೊಡೆದರೆ ಬಿಗಿಯಾಗಲ್ವಾ?

ಉತ್ತರ 2
ನೇರ ಮೊಳೆಗಿಂತ ವಾಸಿ, ಒಪ್ತೀನಿ. ಆದರೆ ಮೊಳೆಗೆ ಎಳೆದು ಕೂಡಿಸುವ ಶಕ್ತಿ ಕಮ್ಮಿ, ಅವರು ಬಡಿದದ್ದು ನಿಲ್ಲಲಿಲ್ಲ ಅಂತ ಅವರೇ ಹೇಳಿದ್ದಾರಲ್ಲ.

ಪ್ರಶ್ನೆ ಕೇಳಿದವರು
ಕೆಲಸ ಮುಗೀತು. ಕಿರುಗುಟ್ಟೋದು ನಿಂತಿದೆ. ಒಂದು ಮೆಟ್ಟಿಲಲ್ಲಿ ಮಾತ್ರ ಟಿಕ್ ಅಂತ ಸಣ್ಣ ಸದ್ದು ಉಳಿದಿದೆ.

ಉತ್ತರ 2
ಅಲ್ಲಿ ಹಳೇ ಮೊಳೆ ಉಳಿದಿರಬೇಕು, ಸಡಿಲ ತೂತಲ್ಲಿ ಅದು ಉಜ್ಜುತ್ತೆ. ಕಿತ್ತು ತೆಗೆದು ಆ ತೂತಿಗೆ ಅಂಟು ಹಚ್ಚಿದ ಕಡ್ಡಿ ತುಂಬಿ. ಆಮೇಲೂ ಬಂದರೆ ಈಗ ಪೌಡರ್ ಹಾಕಬಹುದು.