ಸ್ಪಾಂಜ್‌ಬಾಬ್ ಬ್ಯಾಟಲ್ ಫಾರ್ ಬಿಕಿನಿ ಬಾಟಮ್: ಎಲ್ಲಾ ಮುಗಿಸಿದ್ದೇವೆ, ಆದರೂ 100 ಆಗುತ್ತಿಲ್ಲ!!

ಅಪ್ಪನ_ಪಾಳಿ
ತಲೆ ಕೆಟ್ಟು ಹೋಗಿದೆ, ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ. ನಾನೂ ಮಗಳೂ ಸೇರಿ ಒಂದೂವರೆ ತಿಂಗಳಿಂದ ಸ್ಪಾಂಜ್‌ಬಾಬ್ ಕಾರ್ಟೂನಿನ ಈ ವಿಡಿಯೋ ಗೇಮ್ ಆಡುತ್ತಿದ್ದೇವೆ. ಒಂದು ಸಲ ಅವಳು, ಸತ್ತರೆ ನಾನು. ಎಲ್ಲಾ ಲೆವೆಲ್ ಮುಗಿದಿದೆ. ಎಲ್ಲಾ ಅಂದ್ರೆ ಎಲ್ಲಾ. ಆದರೂ ಆಟದಲ್ಲಿ ಕೂಡಿಸಬೇಕಾದ ಗೋಲ್ಡನ್ ಸ್ಪ್ಯಾಚುಲಾ 100 ಆಗುತ್ತಲೇ ಇಲ್ಲ. ಅವಳ ಭಾಷೆಯಲ್ಲಿ ಅದು ಚಿನ್ನದ ಸೌಟು. ಮೂರು ರಾತ್ರಿ ಮೂಲೆ ಮೂಲೆ ಹುಡುಕಿದ್ದಾಯ್ತು. "ನಾಳೆ ಸಿಗುತ್ತೆ ಪುಟ್ಟಿ, ಮಲಗು" ಅಂತ ದಿನಾ ಸುಳ್ಳು ಹೇಳಿ ಹೇಳಿ ನನಗೇ ನಾಚಿಕೆ ಬಂದಿದೆ. ಇದು ಆಟದ್ದೇ ದೋಷ (ಬಗ್) ಇರಬೇಕು, ಇಲ್ಲಾ ಡಿಸ್ಕ್ ಕೆಟ್ಟಿರಬೇಕು. ಯಾರಿಗಾದರೂ ಹೀಗೆ ಆಗಿದೆಯಾ? ವಿಡಿಯೋ ನೋಡಿ ಅನ್ನಬೇಡಿ, ನೋಡಿದ್ದಾಯ್ತು.

ಬಟನ್_ಬಸವ
ಯಾವ ಬ್ಯಾಟಲ್ ಫಾರ್ ಬಿಕಿನಿ ಬಾಟಮ್ ಗುರು? ಅದನ್ನೇ ಬರೆದಿಲ್ಲ ನೀವು. 2003ರಲ್ಲಿ ಒಂದೇ ಹೆಸರಲ್ಲಿ ಮೂರು ಬೇರೆ ಆಟ ಬಂದಿವೆ. ಪಿಎಸ್2 (ಪ್ಲೇಸ್ಟೇಷನ್ 2), ಗೇಮ್‌ಕ್ಯೂಬ್, ಎಕ್ಸ್‌ಬಾಕ್ಸ್ ಗೇಮ್ ಯಂತ್ರಗಳಿಗೆ ಹೆವಿ ಐರನ್ ಸ್ಟುಡಿಯೋಸ್ ಮಾಡಿದ್ದು ಒಂದು, ಎಲ್ಲರೂ ಹೇಳುವುದು ಅದನ್ನೇ. ಗೇಮ್‌ಬಾಯ್ ಅಡ್ವಾನ್ಸ್‌ದು ಪಕ್ಕದಿಂದ ನೋಡುವ 2ಡಿ ಆಟ. ಪಿಸಿಗೆ ಬಂದದ್ದು ಚಿಕ್ಕ ಚಿಕ್ಕ ಆಟಗಳ ಕಂತೆ, ಹೆಸರು ನೋಡಿ ತಂದವರು ಪೆಚ್ಚಾದರು, ನಾನೂ ಅವರಲ್ಲಿ ಒಬ್ಬ. ಆಮೇಲೆ 2020ರ ಜೂನ್‌ನಲ್ಲಿ ಮೊದಲನೆಯದನ್ನೇ ಹೊಸದಾಗಿ ಮಾಡಿದ ರಿಹೈಡ್ರೇಟೆಡ್ ಬಂತು. ನಿಮ್ಮದು ಯಾವುದು?

ಕಾಲುಚೀಲ_ಬೇಟೆ
ಕಾಲುಚೀಲ. ಬೇರೇನೂ ಅಲ್ಲ. ಎಲ್ಲರೂ ಅಲ್ಲೇ ಸಿಕ್ಕಿ ಬೀಳುವುದು. ಸ್ಪಾಂಜ್‌ಬಾಬ್‌ನ ಗೆಳೆಯ ಪ್ಯಾಟ್ರಿಕ್‌ನ ಕಾಲುಚೀಲ ಒಟ್ಟು 80, ಹತ್ತು ಹುಡುಕಿ ಕೊಟ್ಟರೆ ಒಂದು ಸ್ಪ್ಯಾಚುಲಾ. ಒಂದು ಕಾಲುಚೀಲ ತಪ್ಪಿದರೂ ಒಂದು ಸ್ಪ್ಯಾಚುಲಾ ಹೋಯಿತು. ಕೆಲವು, ಇನ್ನೊಂದು ಪಾತ್ರ ಸ್ಯಾಂಡಿ ಹಗ್ಗ ಬೀಸಿಕೊಂಡು ತೇಲಿ ಹೋಗುವ ಜಾಗದಲ್ಲಿವೆ, ಸ್ಪಾಂಜ್‌ಬಾಬ್ ಆಗಿ ಸುಮ್ನೆ ಸುತ್ತಿದರೆ ಜನ್ಮದಲ್ಲಿ ಸಿಗಲ್ಲ. ಬಸ್ ಸ್ಟಾಪ್‌ಗೆ ಹೋಗಿ ಪಾತ್ರ ಬದಲಾಯಿಸಿ ಮತ್ತೆ ಎಲ್ಲಾ ಕಡೆ ಸುತ್ತಿ.

ಅಪ್ಪನ_ಪಾಳಿ
ಪಿಎಸ್2. ಹಳೆಯ ಆಟ ಅಂದಮೇಲೆ ಇನ್ನೇನು ಇರುತ್ತೆ. ಕಾಲುಚೀಲ 80 ಆಗಿದೆ. ಪ್ಯಾಟ್ರಿಕ್ 8 ಸ್ಪ್ಯಾಚುಲಾ ಕೊಟ್ಟಿದ್ದಾನೆ. ಮಗಳು ಪುಸ್ತಕದಲ್ಲಿ ಗೆರೆ ಎಳೆದು ಎಣಿಸಿದ್ದಾಳೆ.

ಕಾಲುಚೀಲ_ಬೇಟೆ
ಪುಸ್ತಕದ ಲೆಕ್ಕ ನಂಬಬೇಡಿ. ನಾನೂ 80 ಅಂದುಕೊಂಡಿದ್ದೆ, ಇದ್ದದ್ದು 79. ಕೆಲ್ಪ್ ಫಾರೆಸ್ಟ್ ಲೆವೆಲ್‌ನಲ್ಲಿ ಒಂದು ಬಿಟ್ಟಿದ್ದೆ. ನೀವು ಕೆಲ್ಪ್ ಫಾರೆಸ್ಟ್ ನೋಡಿ.

ಟ್ಯೂಬ್_ಟಿವಿ
ಪಿಎಸ್2 ಅಂದ್ರಲ್ಲ, ಖುಷಿಯಾಯ್ತು. ಯಾವ ಟಿವಿಗೆ ಹಾಕಿದ್ದೀರಿ? ಹೊಸ ಎಲ್‌ಇಡಿ ಟಿವಿ ಆದರೆ ಒತ್ತಿದ್ದು ಒಂದು ಹೊತ್ತಿಗೆ, ಹಾರಿದ್ದು ಒಂದು ಹೊತ್ತಿಗೆ. ನನ್ನ ಬಳಿ 21 ಇಂಚಿನ ಹಳೆಯ ಟ್ಯೂಬ್ ಟಿವಿ ಇದೆ, ಕಾಂಪೊನೆಂಟ್ ಕೇಬಲ್, ದಪ್ಪ ಪಿಎಸ್2, ಮೊದಲ ದಿನದ 8 ಎಂಬಿ ಮೆಮೊರಿ ಕಾರ್ಡ್, ಒಂದು ಸೇವ್ ಕೂಡ ಇವತ್ತಿನವರೆಗೆ ಹಾಳಾಗಿಲ್ಲ. ಟಿವಿ ಎತ್ತಲು ಇಬ್ಬರು ಬೇಕು ಅನ್ನುವುದು ಬಿಟ್ಟರೆ ಇದಕ್ಕಿಂತ ಒಳ್ಳೆಯದು ಇಲ್ಲ.

ಅಪ್ಪನ_ಪಾಳಿ
ಟಿವಿಗೂ ಸ್ಪ್ಯಾಚುಲಾಗೂ ಏನು ಸಂಬಂಧ ಸಾರ್?

ಟ್ಯೂಬ್_ಟಿವಿ
ಸ್ಯಾಂಡ್ ಮೌಂಟನ್ ಲೆವೆಲ್‌ನಲ್ಲಿ ಲ್ಯಾರಿಯ ಟೈಮ್ ಹೊಡೆದಿದ್ದೀರಾ, ಅಂದರೆ ಅವನಿಗಿಂತ ಬೇಗ ಜಾರಿದ್ದೀರಾ? ತಡವಾಗಿ ತೋರಿಸುವ ಟಿವಿಯಲ್ಲಿ ಆ ಜಾರುಬಂಡಿ ಆಗುವ ಮಾತೇ ಅಲ್ಲ.

ಅಪ್ಪನ_ಪಾಳಿ
ಹೊಡೆದಾಗಿದೆ. ಎರಡು ಸಂಜೆ ಬೇಕಾಯ್ತು. ಹೊಡೆದದ್ದು ನಾನಲ್ಲ, ಅವಳು.

4ಕೆ_ಕಿಟ್ಟಿ
ಇದನ್ನೆಲ್ಲಾ ಬಿಟ್ಟು ಡಾಲ್ಫಿನ್ ಎಮ್ಯುಲೇಟರ್‌ನಲ್ಲಿ (ಗೇಮ್‌ಕ್ಯೂಬ್ ಆಟಗಳನ್ನು ಕಂಪ್ಯೂಟರ್‌ನಲ್ಲಿ ಓಡಿಸುವ ಸಾಫ್ಟ್‌ವೇರ್) ಗೇಮ್‌ಕ್ಯೂಬ್ ಆವೃತ್ತಿ ಆಡಿ ಅಣ್ಣ. ನಾನು 4ಕೆಯಲ್ಲಿ ಆಡುತ್ತೇನೆ, ಸ್ಪಾಂಜ್‌ಬಾಬ್ ಮೈ ಮೇಲಿನ ತೂತು ಎಣಿಸಬಹುದು. ಎಲ್ಲಿ ಬೇಕಾದರೂ ಸೇವ್ ಮಾಡಬಹುದು. ಕೀಬೋರ್ಡ್ ಸಾಕು, ಕಂಟ್ರೋಲರ್ ಖರ್ಚೂ ಇಲ್ಲ.

ಬಟನ್_ಬಸವ
ಕೀಬೋರ್ಡ್‌ನಲ್ಲಿ ಸ್ಲೀಪಿಟೈಮ್ ರೋಬೋಟ್ ಹೇಗಪ್ಪಾ ದಾಟುತ್ತೀಯ? ನಿದ್ದೆ ಮಾಡುವ ಆ ರೋಬೋಟ್ ಹತ್ತಿರ ಸ್ಟಿಕ್ ಸ್ವಲ್ಪವೇ ತಳ್ಳಿ ಬೆಕ್ಕಿನ ಹೆಜ್ಜೆ ಇಡಬೇಕು. ಕೀಬೋರ್ಡ್‌ನಲ್ಲಿ ಒತ್ತಿದರೆ ಪೂರ್ತಿ, ಬಿಟ್ಟರೆ ಸೊನ್ನೆ.

4ಕೆ_ಕಿಟ್ಟಿ
ಅದಕ್ಕೆ ಬೇರೆ ಕೀ ಇಟ್ಟುಕೊಳ್ಳಬಹುದು, ಅದನ್ನು ಹಿಡಿದುಕೊಂಡರೆ ಸ್ಟಿಕ್ ಅರ್ಧಕ್ಕೇ ನಿಲ್ಲುತ್ತೆ. ಸೆಟ್ಟಿಂಗ್ಸ್ ತೆರೆದು ನೋಡದವರು ಎಮ್ಯುಲೇಟರ್ ಬೈಯುತ್ತಾರೆ.

ಅಪ್ಪನ_ಪಾಳಿ
ಸ್ಲೀಪಿಟೈಮ್ ಅಂದಾಗ ನೆನಪಾಯಿತು. ಅದರ ಹತ್ತಿರ ಹೋಗುವಾಗ ಮಗಳು ಕುರ್ಚಿಯಲ್ಲೇ ಕೂತು ಹಿಮ್ಮಡಿ ಎತ್ತಿ ಹಿಡಿದಿರುತ್ತಾಳೆ, ಉಸಿರೂ ಬಿಡುವುದಿಲ್ಲ. ನಾನು ಕೆಮ್ಮಿದರೆ ಕಣ್ಣು ಬಿಡುತ್ತಾಳೆ, ರೋಬೋಟ್‌ಗೆ ಕೇಳಿಸಿಬಿಡುತ್ತೆ ಅನ್ನುವ ಹಾಗೆ. ಇರಲಿ. ಸಮಸ್ಯೆಗೆ ಬನ್ನಿ ದಯವಿಟ್ಟು. ಎಮ್ಯುಲೇಟರ್ ಬೇಡ, ಈ ಸೇವ್‌ನಲ್ಲೇ 100 ಆಗಬೇಕು.

ಮಿತವ್ಯಯಿ
ಮಿಸ್ಟರ್ ಕ್ರ್ಯಾಬ್ಸ್ ಹತ್ತಿರ ಕೊಂಡಿದ್ದೀರಾ? ಅವನೂ 8 ಮಾರುತ್ತಾನೆ, ಪ್ರತಿ ಸಲ ರೇಟು ಏರಿಸುತ್ತಾನೆ, ಕೊನೆ ಕೊನೆಗೆ ಹೊಳೆಯುವ ಕಲ್ಲು ಸಾಲುವುದೇ ಇಲ್ಲ. ಆ ಕಲ್ಲಿಗಾಗಿ ಟಿಕಿ ಗೊಂಬೆ ಒಡೆಯುತ್ತಾ ಕೂರಬೇಕು. ಅಂದ ಹಾಗೆ ಈ ಆಟದಲ್ಲಿ ಕ್ರ್ಯಾಬ್ಸ್ ಧ್ವನಿ ಟಿವಿಯಲ್ಲಿ ಬರುವ ಕ್ಲ್ಯಾನ್ಸಿ ಬ್ರೌನ್ ಅವರದ್ದಲ್ಲ, ಜೋ ವೈಟ್ ಅವರದ್ದು. ಮರ್ಮೇಡ್ ಮ್ಯಾನ್‌ಗೂ ಅವರೇ. ಚಿಕ್ಕವನಿದ್ದಾಗ ಏನೋ ಸರಿಯಿಲ್ಲ ಅನಿಸುತ್ತಿತ್ತು, ದೊಡ್ಡವನಾದ ಮೇಲೆ ಗೊತ್ತಾಯಿತು.

ಅಪ್ಪನ_ಪಾಳಿ
ಕ್ರ್ಯಾಬ್ಸ್ ಹತ್ತಿರವೂ 8 ಕೊಂಡಾಗಿದೆ.

ಕಾಲುಚೀಲ_ಬೇಟೆ
ಕೆಲ್ಪ್ ಫಾರೆಸ್ಟ್ ನೋಡಿದ್ರಾ?

ಅಪ್ಪನ_ಪಾಳಿ
ನೋಡಿದೆ. ಏನೂ ಇಲ್ಲ. 80 ಆದಮೇಲೆ 81ನೆಯದು ಎಲ್ಲಿಂದ ಬರುತ್ತೆ ಸ್ವಾಮಿ.

ಕಾಲುಚೀಲ_ಬೇಟೆ
ಹಾಗಾದರೆ ರಾಕ್ ಬಾಟಮ್. ಹೊಸ ಬಬಲ್ ವಿದ್ಯೆ ಬಂದ ಮೇಲೆ ಹಳೆಯ ಜಾಗಗಳಿಗೆ ಇನ್ನೊಂದು ಸಲ ಹೋಗಬೇಕು, ಜನ ಅದನ್ನೇ ಮರೆಯುವುದು.

ಪದಕೋಶ
ಕ್ಷಮಿಸಿ, ಮಧ್ಯೆ ಬಾಯಿ ಹಾಕುತ್ತಿದ್ದೇನೆ. ಸ್ಪ್ಯಾಚುಲಾ ಅಂದರೆ ಸೌಟು ಅಲ್ಲ. ಸೌಟು ಗುಳಿ ಇರುವುದು, ಬಡಿಸುವುದಕ್ಕೆ. ಇದು ಚಪ್ಪಟೆ, ತಿರುವಿ ಹಾಕುವುದಕ್ಕೆ. ಸಟ್ಟುಗ ಅನ್ನಿ.

ಮಿತವ್ಯಯಿ
ನಮ್ಮಲ್ಲಿ ಮಗುಚೋ ಕೈ.

ಪದಕೋಶ
ಅದೂ ಸರಿ. ಸೌಟು ಮಾತ್ರ ತಪ್ಪು.

ಅಪ್ಪನ_ಪಾಳಿ
ಮಗಳಿಗೆ ಹೇಳಿದೆ. ಸೌಟೇ ಅಂತೆ. ಮುಂದಕ್ಕೆ ಹೋಗೋಣವಾ?

ಟ್ಯೂಬ್_ಟಿವಿ
ಡಿಸ್ಕ್ ಯಾವ ಟಿವಿ ಪದ್ಧತಿಯದು, ಪಾಲ್ ಇದೆಯಾ ಎನ್‌ಟಿಎಸ್‌ಸಿ ಇದೆಯಾ? ಪಾಲ್ ಆದರೆ 50 ಹರ್ಟ್ಸ್, ಎನ್‌ಟಿಎಸ್‌ಸಿ 60. ಹಳೆಯ ಆಟಗಳಲ್ಲಿ ಇದರಿಂದ ಎಷ್ಟೋ ವಿಚಿತ್ರ ಆಗುತ್ತಿತ್ತು.

4ಕೆ_ಕಿಟ್ಟಿ
50 ಹರ್ಟ್ಸ್‌ಗೆ ಸ್ಪ್ಯಾಚುಲಾ ಮಾಯ ಆಗುತ್ತವಾ? ಏನಣ್ಣ ನಿಮ್ಮ ಕಥೆ.

ಟ್ಯೂಬ್_ಟಿವಿ
ಮಾಯ ಆಗುತ್ತವೆ ಅಂದೆನಾ? ವಿಚಿತ್ರ ಅಂದೆ. ಸರಿಯಾಗಿ ಓದು ತಮ್ಮಾ. ಯಾವ ಯಂತ್ರವನ್ನೂ ಕೈಯಲ್ಲಿ ಮುಟ್ಟದವರು 4ಕೆ 4ಕೆ ಅಂತ ಕುಣಿಯುತ್ತಾರೆ.

4ಕೆ_ಕಿಟ್ಟಿ
ಆಯ್ತು, ನಿಮ್ಮ ಟಿವಿ ಎತ್ತಲು ನಾನೂ ಬರುತ್ತೇನೆ.

ಬಟನ್_ಬಸವ
ಜಗಳ ಆಮೇಲೆ. ಅಪ್ಪನ ಪಾಳಿಯವರೇ, ಮಕ್ಕಳಿಗೆ ನಿಜವಾಗಿ ರಿಹೈಡ್ರೇಟೆಡ್ ಒಳ್ಳೆಯದು. ಅದನ್ನು ಮಾಡಿದ ಪರ್ಪಲ್ ಲ್ಯಾಂಪ್‌ನವರು ಬಣ್ಣ ಚೆನ್ನಾಗಿ ಕೊಟ್ಟಿದ್ದಾರೆ, ಮಾತು ಹಳೆಯ ರೆಕಾರ್ಡಿಂಗ್‌ನದ್ದೇ. ಇಬ್ಬರು ಆಡುವ ಒಂದು ಭಾಗವೂ ಇದೆ, ಹಳೆಯದರಲ್ಲಿ ಕತ್ತರಿಸಿದ್ದ ರೋಬೋ-ಸ್ಕ್ವಿಡ್‌ವರ್ಡ್ ಅಲ್ಲಿ ಬರುತ್ತಾನೆ. ಅಪ್ಪ ಮಗಳು ಒಟ್ಟಿಗೇ ಆಡಬಹುದು.

ಟ್ಯೂಬ್_ಟಿವಿ
ಬಣ್ಣ ಜಾಸ್ತಿ, ಜೀವ ಕಮ್ಮಿ. ಸ್ಪೀಡ್‌ರನ್ ಮಾಡುವವರನ್ನು (ಆಟ ಆದಷ್ಟು ಬೇಗ ಮುಗಿಸುವವರನ್ನು) ಕೇಳಿ, ಕ್ರೂಸ್ ಬಬಲ್‌ನಿಂದ (ಬಿಟ್ಟ ಮೇಲೆ ದೂರದಿಂದ ತಿರುಗಿಸುವ ಗುಳ್ಳೆ) ಜಾರಿಕೊಂಡು ಹೋಗುವ ಆ ವೇಗದ ಮೋಜು ಹಳೆಯದರಲ್ಲೇ.

ನಿಧಾನಿ
ಎರಡು ದಿನದಿಂದ ಓದುತ್ತಿದ್ದೇನೆ. ಒಬ್ಬರಾದರೂ ಇವರ ಹತ್ತಿರ ಈಗ ಎಷ್ಟು ಇದೆ ಅಂತ ಕೇಳಿದ್ದೀರಾ? ಇವರೂ ಹೇಳಿಲ್ಲ. "100 ಆಗುತ್ತಿಲ್ಲ" ಅಂದರೆ 99ಕ್ಕೆ ನಿಂತಿದೆಯಾ, 83ಕ್ಕೆ ನಿಂತಿದೆಯಾ?

ಅಪ್ಪನ_ಪಾಳಿ
98. ಮೊದಲೇ ಬರೆದಿದ್ದೆ ಅಂದುಕೊಂಡಿದ್ದೆ. ಎರಡೇ ಎರಡು ಬಾಕಿ.

ಕಾಲುಚೀಲ_ಬೇಟೆ
ಎರಡು ಅಂದರೆ 20 ಕಾಲುಚೀಲ!

ನಿಧಾನಿ
ಸ್ವಲ್ಪ ತಡೀರಿ ಮಾರಾಯ್ರೇ. ಲೆಕ್ಕ ಹಾಕೋಣ. ಜೆಲ್ಲಿಫಿಶ್ ಫೀಲ್ಡ್ಸ್, ಡೌನ್‌ಟೌನ್, ಗೂ ಲಗೂನ್, ರಾಕ್ ಬಾಟಮ್, ಮರ್ಮಲೇರ್, ಸ್ಯಾಂಡ್ ಮೌಂಟನ್, ಕೆಲ್ಪ್ ಫಾರೆಸ್ಟ್, ಫ್ಲೈಯಿಂಗ್ ಡಚ್‌ಮನ್ ಸ್ಮಶಾನ, ಸ್ಪಾಂಜ್‌ಬಾಬ್‌ನ ಕನಸು. ಒಂಬತ್ತು ಜಾಗ, ಒಂದೊಂದರಲ್ಲಿ 8, ಒಟ್ಟು 72. ಕನಸಿನಲ್ಲಿ ಪ್ಯಾಟ್ರಿಕ್‌ನದ್ದು ಮರೆತಿಲ್ಲ ತಾನೇ? ಅವನ ಕನಸಲ್ಲಿ ಏನೂ ಇಲ್ಲ, ಹೋದರೆ "ತಗೋ" ಅಂತ ಸುಮ್ನೆ ಕೊಟ್ಟುಬಿಡುತ್ತಾನೆ, ಇಡೀ ಆಟದಲ್ಲಿ ನನಗೆ ಅದೇ ಇಷ್ಟ. ಬಿಕಿನಿ ಬಾಟಮ್ ಊರೊಳಗೆ ಇನ್ನು 8, 80 ಆಯಿತು. ಪೊಸೈಡೋಮ್‌ನಲ್ಲಿ ರೋಬೋ-ಸ್ಯಾಂಡಿ ಒಂದು, ಇಂಡಸ್ಟ್ರಿಯಲ್ ಪಾರ್ಕ್‌ನಲ್ಲಿ ರೋಬೋ-ಪ್ಯಾಟ್ರಿಕ್ ಒಂದು, 82. ಪ್ಯಾಟ್ರಿಕ್‌ನ 8, ಕ್ರ್ಯಾಬ್ಸ್‌ನ 8. 98. ನಿಮ್ಮ ಹತ್ತಿರ ಇರುವುದೂ 98. ಉಳಿದ ಎರಡು ಚಮ್ ಬಕೆಟ್ ಲ್ಯಾಬ್‌ನಲ್ಲಿ. ಕೊನೆಯ ಬಾಸ್ ಹೊಡೆದಿದ್ದೀರಾ?

ಅಪ್ಪನ_ಪಾಳಿ
ಇಲ್ಲ. ಅದು ಕೊನೆ ಅಲ್ವಾ. 100 ಆದ ಮೇಲೆ ಹೋಗೋಣ ಅಂತ ಇಟ್ಟುಕೊಂಡಿದ್ದೇವೆ.

ಬಟನ್_ಬಸವ
😂😂😂

ನಿಧಾನಿ
ಅಲ್ಲಿಗೆ ಹೋಗದೆ 100 ಆಗುವುದಿಲ್ಲ. ಆ ಬಾಗಿಲಿಗೆ 75 ಸಾಕು, ನಿಮಗೆ ಯಾವತ್ತೋ ತೆರೆದಿದೆ. ಬಾಸ್ ಎರಡು ಭಾಗ, ಒಂದಕ್ಕೆ ಒಂದರಂತೆ ಎರಡು ಸ್ಪ್ಯಾಚುಲಾ.

ಅಪ್ಪನ_ಪಾಳಿ
ಅಯ್ಯೋ ದೇವರೇ. ಆ ಬಾಗಿಲ ಮುಂದೆ ದಿನಾ ಓಡಾಡುತ್ತಿದ್ದೆವು. ತೆರೆದಿದೆ ಅಂತಲೂ ಗೊತ್ತಿತ್ತು. "ಪ್ಲ್ಯಾಂಕ್ಟನ್ (ಆಟದ ಖಳ) ಹತ್ತಿರ ಎಲ್ಲಾ ಸೌಟು ಹಿಡಿದುಕೊಂಡೇ ಹೋಗಬೇಕು, ಇಲ್ಲದಿದ್ದರೆ ಅವನು ಹೆದರಲ್ಲ" ಅಂತ ಮಗಳು ಮೊದಲ ವಾರದಲ್ಲೇ ನಿಯಮ ಮಾಡಿದ್ದಳು. ನಾನೂ ಹೂಂ ಅಂದೆ. ಆಮೇಲೆ ಅದು ನಮ್ಮ ನಿಯಮವೋ ಆಟದ ನಿಯಮವೋ ಅನ್ನುವುದೇ ಮರೆತುಹೋಯಿತು. ಮೂರು ರಾತ್ರಿ!

ಮಿತವ್ಯಯಿ
ಪ್ಲ್ಯಾಂಕ್ಟನ್‌ಗೂ ಇದೇ ಗತಿ ಅಲ್ವಾ. ರೋಬೋಟ್ ಮಾಡುವ ಯಂತ್ರ ಕಟ್ಟಿದ, "ಮಾತು ಕೇಳಬೇಡ" ಅನ್ನುವ ಕಡೆ ಸ್ವಿಚ್ ಇರುವುದು ನೋಡಲಿಲ್ಲ. ಇಡೀ ಕಥೆ ಅಷ್ಟೇ.

ಕಾಲುಚೀಲ_ಬೇಟೆ
ಸಿಕ್ಕಿದ್ದು ಒಳ್ಳೆಯದಾಯಿತು. ಆದರೂ ಕಾಲುಚೀಲ ಒಮ್ಮೆ ಎಣಿಸಿ ಇಡಿ.

ಅಪ್ಪನ_ಪಾಳಿ
ಇವತ್ತು ಹೋದೆವು. ನಿಯಮ ಮುರಿಯಲು ಅರ್ಧ ಗಂಟೆ ಸಂಧಾನ ನಡೆಯಿತು. ನಿಧಾನಿಯವರ ಲೆಕ್ಕವನ್ನು ಅವಳ ಪುಸ್ತಕದಲ್ಲಿ ಬರೆದು ತೋರಿಸಿದ ಮೇಲೆ, ಒಂದೊಂದೇ ಜಾಗಕ್ಕೆ ಬೆರಳಿಟ್ಟು ಕೂಡಿಸಿ, 98 ಬಂದ ಮೇಲೆ ಒಪ್ಪಿದಳು. ಮೊದಲ ಭಾಗ ಏಳನೇ ಸಲಕ್ಕೆ ಆಯಿತು. 99. ಎರಡನೆಯದು ರೋಬೋಟ್ ತಲೆಯ ಒಳಗೆ, ಕ್ರೂಸ್ ಬಬಲ್ ಅವಳ ಕೈಯಲ್ಲಿ ನೇರ ಹೋಗುತ್ತಿಲ್ಲ, ನನ್ನ ಕೈಗೆ ಕೊಡುವುದೂ ಇಲ್ಲ. ಮಲಗುವ ಹೊತ್ತಾಯಿತು, ನಿಲ್ಲಿಸಿದೆವು. ಏನಾದರೂ ಉಪಾಯ ಇದೆಯಾ?

ಬಟನ್_ಬಸವ
ಬಬಲ್ ಬಿಟ್ಟ ಮೇಲೆ ಸ್ಟಿಕ್ ಗಟ್ಟಿಯಾಗಿ ತಳ್ಳುತ್ತಿರಬೇಕು, ಮಕ್ಕಳೆಲ್ಲಾ ಹಾಗೇ. ಚಿಕ್ಕ ಚಿಕ್ಕದಾಗಿ ತಟ್ಟಲು ಹೇಳಿ. ಬಾಸ್ ಹತ್ತಿರ ಅಭ್ಯಾಸ ಬೇಡ, ಜೆಲ್ಲಿಫಿಶ್ ಫೀಲ್ಡ್ಸ್‌ಗೆ ಹೋಗಿ ದೂರದ ಟಿಕಿಗಳಿಗೆ ಹತ್ತು ಹದಿನೈದು ಸಲ ಹೊಡೆದು ಬರಲಿ. ಅಲ್ಲಿ ಬಾಸ್ ಕಾಟ ಇರುವುದಿಲ್ಲ.

ಟ್ಯೂಬ್_ಟಿವಿ
ಅಥವಾ ಟಿವಿಯಲ್ಲಿ ಗೇಮ್ ಮೋಡ್ ಹಾಕಿ, ತಡ ಕಮ್ಮಿ ಆಗುತ್ತೆ. ಟಿವಿಯ ತಡದ ಬಗ್ಗೆ ನಾನು ಮೊದಲ ದಿನದಿಂದ ಹೇಳುತ್ತಿದ್ದೇನೆ.

ಅಪ್ಪನ_ಪಾಳಿ
ಟ್ಯೂಬ್ ಟಿವಿಯವರೇ, ಗೇಮ್ ಮೋಡ್ ಹಾಕಿದೆ, ವ್ಯತ್ಯಾಸ ಇದೆ, ಒಪ್ಪುತ್ತೇನೆ. ಟಿಕಿ ಅಭ್ಯಾಸವೂ ಆಯಿತು. ಇವತ್ತು ಸಂಜೆ 100. ಕೊನೆಯಲ್ಲಿ ಎಲ್ಲರೂ ಸೇರಿ ಕಾರ್ಟೂನಿನ ಹಾಡು ಹೇಳುತ್ತಾರೆ, 100 ಮಾಡಿದವರಿಗೆ ಮಾತ್ರ. ಮಗಳು ಕಂಟ್ರೋಲರ್ ಕೆಳಗಿಟ್ಟು ಎದ್ದು ನಿಂತು ಕೇಳಿದಳು. ಅವರಮ್ಮ ಆಗ ಫೋನ್‌ನಲ್ಲಿದ್ದರು, ನೋಡಲಿಲ್ಲ. ಈಗ ಅಮ್ಮನಿಗೂ ತೋರಿಸಬೇಕಂತೆ. ಹಾಡು ಮಾತ್ರ ಮತ್ತೆ ನೋಡಲು ದಾರಿ ಇದೆಯಾ, ಇಲ್ಲಾ ಬಾಸ್ ಮತ್ತೆ ಹೊಡೆಯಬೇಕಾ?

ಕಾಲುಚೀಲ_ಬೇಟೆ
ಮತ್ತೆ ಹೊಡೆಯಿರಿ. ಈ ಸಲ ಅಮ್ಮನನ್ನು ಮೊದಲೇ ಕೂರಿಸಿಕೊಳ್ಳಿ.

ಟ್ಯೂಬ್_ಟಿವಿ
ಗೇಮ್ ಮೋಡ್ ಹಾಕಿದ್ದು ಸರಿ, ಕೇಬಲ್ ಯಾವುದು ಅಂತ ಹೇಳಲೇ ಇಲ್ಲ ನೀವು. ಹಳದಿ ಪಿನ್ ಇರುವುದಾ?